ಹದಿನಾರಾಣೆ ರೂಪಾಯಿ ನೂರು ಪೈಸೆ ಆದಾಗ

ಬಸ್ಸಲ್ಲೋ ಮೆಟ್ರೋದಲ್ಲೋ ಕೂತು ಕೇಳ್ತಿದ್ದೀರಿ ಅಂದ್ಕೊಳ್ತೀನಿ. ಶುರುಮಾಡೋಕೆ ಮುಂಚೆ ಒಂದು ಸಣ್ಣ ಲೆಕ್ಕ, ಫೋನಿನ ಕ್ಯಾಲ್ಕುಲೇಟರ್ ಮುಟ್ಟಬೇಡಿ. ಒಂದು ಸೇರು ಬೆಣ್ಣೆಗೆ 3 ರೂಪಾಯಿ ಅಂತ ಇಟ್ಕೊಳ್ಳಿ. ಒಂದು ಚಟಾಕಿಗೆ ಎಷ್ಟು?

ನಾವು ತಲೆ ಕೆರ್ಕೋತೀವಿ. ಆದರೆ 1956ರಲ್ಲಿ ಸಂತೆಗೆ ಹೋಗಿ ಬರೋ, ಒಂದಕ್ಷರವೂ ಓದೋಕೆ ಬಾರದ ಅಜ್ಜಿ ಕೂಡ ಕಣ್ಣು ಮಿಟುಕಿಸೋದರೊಳಗೆ ಹೇಳ್ತಿದ್ದರು: ಮೂರಾಣೆ. ಯಾಕೆ? ಪಕ್ಕಾ ಸೇರಿಗೆ 16 ಚಟಾಕು, ರೂಪಾಯಿಗೂ 16 ಆಣೆ. ಸೇರಿಗೆ ಎಷ್ಟು ರೂಪಾಯಿಯೋ ಚಟಾಕಿಗೆ ಅಷ್ಟೇ ಆಣೆ. ಗುಣಾಕಾರ ಬೇಡ, ಭಾಗಾಕಾರ ಬೇಡ.

1957ರ ಏಪ್ರಿಲ್ 1ರಂದು ಈ ಲೆಕ್ಕ ಮುರಿದುಬಿತ್ತು. ಅವತ್ತಿನಿಂದ ರೂಪಾಯಿಗೆ 16 ಆಣೆ ಅಲ್ಲ, 100 ನಯಾ ಪೈಸೆ. ಬದಲಾವಣೆಗೆ ಒಗ್ಗಿಕೊಳ್ಳಿ ಅಂತ ಈಗ ಎಲ್ಲರೂ ಹೇಳ್ತಾರೆ, ರೀಲ್ಸ್ ತೆಗೆದರೆ ಅದೇ ಉಪದೇಶ. ಆದರೆ ಒಂದಿಡೀ ದೇಶ ತನ್ನ ಜೇಬಿನೊಳಗಿನ ಲೆಕ್ಕವನ್ನೇ ಬದಲಾಯಿಸಿಕೊಂಡಾಗ ಅದರ ಖರ್ಚು ಯಾರ ತಲೆಮೇಲೆ ಬಿತ್ತು ಅನ್ನೋದನ್ನ ಯಾರೂ ಹೇಳಲ್ಲ. ನಾನು ಓದಿದ್ದು ಕಾಮರ್ಸ್, ಹಾಗಾಗಿ ನನ್ನ ಕಣ್ಣು ಮೊದಲು ಹೋಗೋದು ಅಲ್ಲಿಗೇ.

ಹಳೇ ವ್ಯವಸ್ಥೆ ಹೇಗಿತ್ತು ನೋಡಿ. ಒಂದು ರೂಪಾಯಿಗೆ 16 ಆಣೆ, ಒಂದು ಆಣೆಗೆ 4 ಪೈಸೆ ಅಥವಾ 12 ಪೈ. ಈ ಪೈಗೇ ಹಳೇ ಮೈಸೂರು ಕಡೆ ಕಾಸು ಅಂತಿದ್ದರು, ಮೂರು ಕಾಸು ಅಂದ್ರೆ ಒಂದು ಪೈಸೆ. "ಮೂರು ಕಾಸಿನ ಬೆಲೆ ಇಲ್ಲ" ಅಂತ ಯಾರನ್ನಾದರೂ ಬೈದರೆ, ಬೈಗುಳದಲ್ಲೂ ಲೆಕ್ಕ ಪಕ್ಕಾ ಇರ್ತಿತ್ತು! ಅಂಗಡಿಯ ಲೆಕ್ಕದ ಪುಸ್ತಕದಲ್ಲಿ ಮೂರು ಕಾಲಂ: ರೂಪಾಯಿ, ಆಣೆ, ಪೈ. ಕೂಡುವಾಗ ಪೈಗಳನ್ನ 12ರಿಂದ ಭಾಗಿಸಿ ಆಣೆಗೆ ದಾಟಿಸಬೇಕು, ಆಣೆಗಳನ್ನ 16ರಿಂದ ಭಾಗಿಸಿ ರೂಪಾಯಿಗೆ ದಾಟಿಸಬೇಕು. ಗುಮಾಸ್ತನಿಗೆ ಇದು ನಿಜಕ್ಕೂ ಹಿಂಸೆ. ದಶಮಾಂಶ ಬೇಕು ಅಂದವರ ವಾದ ಹುಟ್ಟಿದ್ದೇ ಇಲ್ಲಿ, ಆ ವಾದದಲ್ಲಿ ಹುರುಳಿತ್ತು.

ಆದರೆ ಗುಮಾಸ್ತನ ಮೇಜಿನಿಂದ ಎದ್ದು ಸಂತೆಗೆ ಬಂದ್ರೆ ಕಥೆ ಬೇರೆ. ಸಂತೆಯಲ್ಲಿ ಜನ ಕೂಡೋದಕ್ಕಿಂತ ಹೆಚ್ಚಾಗಿ ಪಾಲು ಮಾಡ್ತಾರೆ. ಅರ್ಧ ಕೊಡು, ಕಾಲು ಕೊಡು. ಕನ್ನಡದಲ್ಲಿ ಇದಕ್ಕೆ ಸರಪಳಿ ಥರ ಪದಗಳೇ ಇವೆ: ಅರೆ, ಕಾಲು, ಅರೆಕಾಲು, ವೀಸ. ವೀಸ ಅಂದ್ರೆ ಹದಿನಾರನೇ ಒಂದು ಭಾಗ. 16ನ್ನ ಅರ್ಧ ಮಾಡ್ತಾ ಹೋಗಿ: 8, 4, 2, 1. ಎಲ್ಲೂ ಚೂರು ಉಳಿಯಲ್ಲ. 100ನ್ನ ಅರ್ಧ ಮಾಡಿ: 50, 25, ಅಲ್ಲಿಗೆ ಮುಗೀತು. ಮುಂದಿನದು ಹನ್ನೆರಡೂವರೆ, ಅರ್ಧ ಪೈಸೆಯ ನಾಣ್ಯ ಎಲ್ಲಿಂದ ತರ್ತೀರಿ? ಆಣೆ ಲೆಕ್ಕ ದಡ್ಡರ ಲೆಕ್ಕ ಆಗಿರಲಿಲ್ಲ ಅನ್ನೋದು ನನ್ನ ಅಭಿಪ್ರಾಯ. ಅದನ್ನ ಮಾಡಿದ್ದೇ ತಕ್ಕಡಿ ಹಿಡಿಯೋರಿಗಾಗಿ.

ಕಾನೂನು ತಿದ್ದುಪಡಿ ಆಗಿದ್ದು 1955ರಲ್ಲಿ. ಅದರ ಪ್ರಕಾರ ರೂಪಾಯಿಯ ಬೆಲೆ ಬದಲಾಗಲ್ಲ, ಒಳಗಿನ ಭಾಗಗಳು ಮಾತ್ರ ಬದಲಾಗ್ತವೆ. ನಾಲ್ಕಾಣೆಗೆ ಸರಿಯಾಗಿ 25, ಎಂಟಾಣೆಗೆ 50, ಹನ್ನೆರಡಾಣೆಗೆ 75. ಇಲ್ಲಿವರೆಗೆ ಜಗಳವಿಲ್ಲ. ಒಂದಾಣೆಗೆ? ಆರೂಕಾಲು ಪೈಸೆ. ಕಾಲು ಪೈಸೆ ಇಲ್ಲ, ಹಾಗಾಗಿ ಸರ್ಕಾರದ ಪರಿವರ್ತನೆ ಪಟ್ಟಿಯಲ್ಲಿ ಒಂದಾಣೆಗೆ 6, ಎರಡಾಣೆಗೆ 12, ಮೂರಾಣೆಗೆ 19. ನಮ್ಮ ಬೆಣ್ಣೆಯ ಚಟಾಕು ನೆನಪಿದೆಯಲ್ಲ, ಅದು ಲೆಕ್ಕಕ್ಕೆ ಹದಿನೆಂಟೂ ಮುಕ್ಕಾಲು, ಕೊಡಬೇಕಾದ್ದು 19.

ಕಾಲು ಪೈಸೆ, ಅರ್ಧ ಪೈಸೆ ತಾನೇ, ಅದಕ್ಕೇನಂತೆ ಅನ್ನಬಹುದು. ಸ್ವಲ್ಪ ತಾಳಿ. ಒಂದಾಣೆಯ ಚಿಲ್ಲರೆ ವ್ಯಾಪಾರ 16 ಸಲ ಆದರೆ ಹಳೇ ಲೆಕ್ಕದಲ್ಲಿ ಒಂದು ರೂಪಾಯಿ. ಸಲಕ್ಕೆ 6 ಪೈಸೆಯಂತೆ ತಗೊಂಡ್ರೆ 96 ಪೈಸೆ, ಅಂಗಡಿಯವನಿಗೆ ನಷ್ಟ. 7 ಪೈಸೆಯಂತೆ ತಗೊಂಡ್ರೆ 112, ಗಿರಾಕಿಗೆ ನಷ್ಟ. ನಡುವೆ ನಿಲ್ಲೋ ಜಾಗವೇ ಇಲ್ಲ. ಇನ್ನೂ ಕೆಳಗೆ ಬನ್ನಿ. ಒಂದು ಹಳೇ ಪೈಸೆ ಅಂದ್ರೆ ಹೊಸದರಲ್ಲಿ ಸುಮಾರು ಒಂದೂವರೆ, ಇನ್ನೂ ಕರಾರುವಾಕ್ಕಾಗಿ 1.56. ಹತ್ತಿರದ ಪೂರ್ಣ ಸಂಖ್ಯೆ 2. ಒಂದು ಪೈಸೆಗೆ ಸಿಗ್ತಿದ್ದ ವಸ್ತುವಿಗೆ 2 ನಯಾ ಪೈಸೆ ಕೊಟ್ಟರೆ ಬೆಲೆ ಶೇ 28ರಷ್ಟು ಏರಿದ ಹಾಗೆ! ನೂರು ರೂಪಾಯಿ ಬಿಲ್ ಕಟ್ಟೋನಿಗೆ ಒಂದು ಪೈಸೆಯೂ ವ್ಯತ್ಯಾಸ ಇಲ್ಲ. ಒಂದೊಂದು ಪೈಸೆಗೆ ಕೊತ್ತಂಬರಿ, ಉಪ್ಪು, ಎಲೆಅಡಿಕೆ ತಗೊಳ್ಳೋರೇ ಈ ಬದಲಾವಣೆಯ ಮಧ್ಯದಲ್ಲಿ ಸಿಕ್ಕಿಕೊಂಡವರು. 1951ರ ಜನಗಣತಿ ಪ್ರಕಾರ ದೇಶದ ಸಾಕ್ಷರತೆ ಸುಮಾರು ಶೇ 18. ಪರಿವರ್ತನೆ ಪಟ್ಟಿ ಅಚ್ಚು ಹಾಕಿಸಿ ಗೋಡೆಗೆ ಅಂಟಿಸಿದರೂ ಓದೋರು ಎಷ್ಟು ಜನ?

ನಾಣ್ಯವನ್ನೇ ನೋಡಿ ತಿಳಿದುಕೊಳ್ಳೋಣ ಅಂದ್ರೆ ಅದರ ಮೇಲೆ ನಾಗರಿ ಲಿಪಿಯ ಹಿಂದಿಯಲ್ಲಿ 'ರೂಪಾಯಿಯ ನೂರನೇ ಭಾಗ' ಅನ್ನೋ ಅರ್ಥದ ಸಾಲು. ನಮ್ಮ ಹಳ್ಳಿಗಳಲ್ಲಿ ಅದನ್ನ ಓದೋರು ಇನ್ನೂ ಕಡಿಮೆ. ಜನ ನಾಣ್ಯ ಗುರುತಿಸ್ತಿದ್ದದ್ದು ಬೆರಳಿನಿಂದ, ಆಕಾರದಿಂದ. ಅಲ್ಲೂ ಒಂದು ತಮಾಷೆ ಇತ್ತು. ಹಳೇ ಎರಡಾಣೆ ಚೌಕ, ಹೊಸ 5 ಪೈಸೆಯೂ ಚೌಕ. ಹಳೇ ಒಂದಾಣೆಗೆ ಅಲೆಅಲೆ ಅಂಚು, ಹೊಸ 10 ಪೈಸೆಗೂ ಅಲೆಅಲೆ ಅಂಚು. ಇಂಥದನ್ನ ಇಂದಿನ ಆ್ಯಪ್ ಡಿಸೈನರ್ ಒಬ್ಬ ಮಾಡಿದ್ದರೆ ಟ್ವಿಟರ್‌ನಲ್ಲಿ ಗತಿ ಏನಾಗ್ತಿತ್ತು ಯೋಚಿಸಿ.

ಇನ್ನು ಕಲಬುರಗಿ, ರಾಯಚೂರು, ಬೀದರ್ ಕಡೆಯವರ ಪಾಡು ಕೇಳಿ. ನಿಜಾಮರ ರಾಜ್ಯದಲ್ಲಿ ಅವರ ರೂಪಾಯಿಯೇ ಬೇರೆ, ಹಾಲಿ ಸಿಕ್ಕ. 1950ರಲ್ಲಿ ಅಲ್ಲಿಗೆ ಭಾರತದ ರೂಪಾಯಿ ಬಂತು, 7 ಸಿಕ್ಕ ರೂಪಾಯಿಗೆ 6 ಭಾರತೀಯ ರೂಪಾಯಿ ಲೆಕ್ಕ. 1956ರ ನವೆಂಬರ್ 1ಕ್ಕೆ ರಾಜ್ಯವೇ ಬದಲಾಯ್ತು, ಹೈದರಾಬಾದ್ ಬಿಟ್ಟು ಮೈಸೂರು. ಐದು ತಿಂಗಳಿಗೆ ನಯಾ ಪೈಸೆ. 1958ರ ಅಕ್ಟೋಬರಿನಿಂದ ಹಂತಹಂತವಾಗಿ ಕಿಲೋ, ಲೀಟರ್. 1959ರಲ್ಲಿ ಹಾಲಿ ಸಿಕ್ಕ ಪೂರ್ತಿ ರದ್ದು. ಹತ್ತೇ ವರ್ಷದಲ್ಲಿ ಎರಡು ರೂಪಾಯಿ, ಎರಡು ರಾಜ್ಯ, ಎರಡು ಚಿಲ್ಲರೆ, ಎರಡು ತೂಕ. ಅಲ್ಲಿ ಆಗ ಕಿರಾಣಿ ಅಂಗಡಿ ಇಟ್ಟಿದ್ದವರ ಮುಂದೆ ನಮ್ಮ ಸಾಫ್ಟ್‌ವೇರ್ ಅಪ್‌ಡೇಟ್ ಗೋಳು ಏನೂ ಅಲ್ಲ.

ಹಾಗಾದರೆ ಈ ಬದಲಾವಣೆ ಮಗುಚಿ ಬೀಳದೆ ನಿಂತದ್ದು ಹೇಗೆ? ನನಗೆ ಕಾಣೋ ಮುಖ್ಯ ಕಾರಣ, ಸಮಯ ಕೊಟ್ಟರು. ಕಾನೂನಾಗಿ ಜಾರಿಗೆ ಬರೋಕೆ ಒಂದೂವರೆ ವರ್ಷ. ಆಮೇಲೂ ವರ್ಷಗಟ್ಟಲೆ ಹಳೇ ನಾಣ್ಯ, ಹೊಸ ನಾಣ್ಯ ಒಂದೇ ಗಲ್ಲಾಪೆಟ್ಟಿಗೆಯಲ್ಲಿ. ಹೊಸದಕ್ಕೆ 'ನಯಾ' ಅಂತ ಹಣೆಪಟ್ಟಿ ಹಚ್ಚಿದ್ದೇ ಹಳೇ ಪೈಸೆ ಜೊತೆ ಗೊಂದಲ ಆಗಬಾರದು ಅಂತ. ಆ ಹಣೆಪಟ್ಟಿ ತೆಗೆದದ್ದು 1964ರ ಜೂನ್ 1ಕ್ಕೆ, ಏಳು ವರ್ಷ ಆದಮೇಲೆ. 2016ರ ನವೆಂಬರ್ 8ರ ರಾತ್ರಿ ಎಂಟಕ್ಕೆ ಹೇಳಿ ಹನ್ನೆರಡಕ್ಕೆ ನೋಟು ನಿಲ್ಲಿಸಿದ್ದು ನೆನಪಿದೆಯಲ್ಲ? ಉದ್ದೇಶ ಬೇರೆಬೇರೆ, ಒಪ್ತೀನಿ. ಆದರೂ ಜನರಿಗೆ ಕೊಟ್ಟ ಗಡುವನ್ನ ಪಕ್ಕಪಕ್ಕ ಇಟ್ಟು ನೋಡಿ.

ಸಮಯ ಒಂದೇ ಸಾಕಾಗಲ್ಲ ಅನ್ನೋದಕ್ಕೂ ಅದೇ ವರ್ಷದ ಉದಾಹರಣೆ ಇದೆ. ನಯಾ ಪೈಸೆಗೆ ಹತ್ತು ದಿನ ಮುಂಚೆ, 1957ರ ಮಾರ್ಚ್ 22ಕ್ಕೆ, ಶಕ ಪಂಚಾಂಗವನ್ನ ರಾಷ್ಟ್ರೀಯ ಕ್ಯಾಲೆಂಡರ್ ಮಾಡಿದರು. ವಿಜ್ಞಾನಿ ಮೇಘನಾದ ಸಹಾ ಅವರ ಸಮಿತಿಯ ಶಿಫಾರಸು ಅದು. ಇವತ್ತು ಶಕ ವರ್ಷದ ತಾರೀಕು ಎಷ್ಟು ಹೇಳಿ ನೋಡೋಣ! ಹಬ್ಬಕ್ಕೆ ಮನೆಯ ಪಂಚಾಂಗ ಇತ್ತು, ಆಫೀಸಿಗೆ ಇಂಗ್ಲಿಷ್ ತಾರೀಕು ಇತ್ತು, ಮೂರನೆಯದು ಯಾರಿಗೂ ಬೇಕಾಗಲಿಲ್ಲ. ಪೈಸೆ ಹಾಗಲ್ಲ, ದಿನಕ್ಕೆ ಹತ್ತು ಸಲ ಕೈಗೆ ಬರುತ್ತೆ. ಬೇಡ ಅಂದರೂ ಕೈ ಕಲಿಯುತ್ತೆ.

1962ರ ಹೊತ್ತಿಗೆ ಸೇರು, ಚಟಾಕುಗಳೂ ಕಾನೂನಿಂದ ಹೊರಗೆ ಹೋದವು. ಆಗ ಸಂತೆಯ ಲೆಕ್ಕ ಮತ್ತೆ ಹದಕ್ಕೆ ಬಂತು: ಕಿಲೋಗೆ 4 ರೂಪಾಯಿ ಆದ್ರೆ 100 ಗ್ರಾಮಿಗೆ 40 ಪೈಸೆ. ನಡುವಿನ ಐದು ವರ್ಷ ದುಡ್ಡು ನೂರರಲ್ಲಿ, ತೂಕ ಹದಿನಾರರಲ್ಲಿ. ಆ ಐದು ವರ್ಷ ದಿನಾ ಬೆಳಗ್ಗೆ ಎದ್ದು ವ್ಯಾಪಾರ ಮಾಡಿದವರ ಹೆಸರು ಯಾವ ಚರಿತ್ರೆ ಪುಸ್ತಕದಲ್ಲೂ ಇಲ್ಲ.

ಆಣೆ ಮಾತ್ರ ಬಾಯಿಂದ ಇಳೀಲೇ ಇಲ್ಲ. 25 ಪೈಸೆಯನ್ನ ನಾಲ್ಕಾಣೆ ಅಂತಲೇ ಕರೆದೆವು, ಆ ನಾಣ್ಯ ಚಲಾವಣೆಯಿಂದ ಹೋದದ್ದು 2011ರ ಜೂನ್ 30ಕ್ಕೆ. ಎಂಟಾಣೆ, ಅಂದ್ರೆ 50 ಪೈಸೆ, ಕಾನೂನಿನ ಪ್ರಕಾರ ಇವತ್ತಿಗೂ ನಡೆಯುತ್ತೆ, ಅಂಗಡಿಯವರು ಮುಖ ಸಿಂಡರಿಸಿದರೂ. ನಿಮ್ಮ ಮನೆಯಲ್ಲಿ ಜಮೀನಿದ್ರೆ ಫೋನಲ್ಲಿ ಪಹಣಿ ತೆಗೆದು ವಿಸ್ತೀರ್ಣದ ಕಾಲಂ ನೋಡಿ. ಎಕರೆ, ಗುಂಟೆ, ಅದರ ಮುಂದೆ ಆಣೆ. ಒಂದು ಗುಂಟೆಗೆ ಎಷ್ಟು ಆಣೆ ಅಂತ ಮನೆಯ ಹಿರಿಯರನ್ನ ಕೇಳಿ. ಅವರು ಲೆಕ್ಕ ಹಾಕಲ್ಲ, ಹದಿನಾರು ಅಂತಾರೆ.