ಹಗಲಿನ ಗಂಡ, ರಾತ್ರಿಯ ಗಂಡ

ನಮ್ಮ ಸಿನೆಮಾದಲ್ಲಿ ಹೆಣ್ಣಿನ ಮೈಗೇನೂ ಬರವಿಲ್ಲ. ಮಳೆ ಹಾಡು, ಕ್ಯಾಬರೆ, ಒದ್ದೆ ಸೀರೆ... ಎಲ್ಲಾ ಇದೆ. ಆ ಹೆಣ್ಣಿಗೆ ಏನು ಬೇಕು ಅಂತ ಕೇಳಿದ ಸಿನೆಮಾಗಳು ಮಾತ್ರ ಬೆರಳೆಣಿಕೆ. ನೋಡುವವನು ಗಂಡು, ನೋಡಿಸಿಕೊಳ್ಳುವವಳು ಹೆಣ್ಣು ಅಂತ ಲಾರಾ ಮಲ್ವಿ ಹಾಲಿವುಡ್ ಬಗ್ಗೆ ಬರೆದದ್ದು 1975ರಲ್ಲಿ.

ಅದಕ್ಕೂ ಎರಡು ವರ್ಷ ಮೊದಲೇ ಪುಟ್ಟಣ್ಣ ಕಣಗಾಲರ 'ಎಡಕಲ್ಲು ಗುಡ್ಡದ ಮೇಲೆ' ಬಂದಿತ್ತು. ಭಾರತೀಸುತರ ಕಾದಂಬರಿ. ಯುದ್ಧದಲ್ಲಿ ಗಾಯಗೊಂಡು ದಾಂಪತ್ಯಸುಖಕ್ಕೆ ಎರವಾದ ಗಂಡ, ಒಬ್ಬ ತರುಣನತ್ತ ವಾಲುವ ಹೆಂಡತಿ ಮಾಧವಿ. ಜಯಂತಿ ಆ ಪಾತ್ರವನ್ನು ಎಷ್ಟು ಘನವಾಗಿ ಮಾಡಿದ್ದಾರೆಂದರೆ ನಮಗೆ ಅವಳ ಮೇಲೆ ಸಿಟ್ಟೇ ಬರೋದಿಲ್ಲ. ಆದರೂ ಕಥೆ ಮುಗಿಯೋದು ದುರಂತದಲ್ಲೇ. ಆಸೆಪಟ್ಟವಳು ಬೆಲೆ ತೆರಲೇಬೇಕಲ್ಲ!

ನನ್ನನ್ನು ಹೆಚ್ಚು ಕಾಡಿದ್ದು ನಾಗಾಭರಣರ 'ನಾಗಮಂಡಲ' (1997). ಎ.ಕೆ. ರಾಮಾನುಜನ್ ಹೇಳಿದ ಜನಪದ ಕಥೆಗಳಿಂದ ಗಿರೀಶ ಕಾರ್ನಾಡರು ಕಟ್ಟಿದ ನಾಟಕವೇ ಇದಕ್ಕೆ ಮೂಲ. ಹೊಸ ಹೆಂಡತಿ ರಾಣಿಯನ್ನು ಮನೆಯೊಳಗೆ ಹಾಕಿ ಬೀಗ ಜಡಿದು ಅಪ್ಪಣ್ಣ ಸೂಳೆಯ ಮನೆಗೆ ಹೋಗುತ್ತಾನೆ. ಬರೋದು ಮಧ್ಯಾಹ್ನದ ಊಟಕ್ಕಷ್ಟೇ. ಗಂಡನನ್ನು ಒಲಿಸಿಕೊಳ್ಳಲು ಕುರುಡವ್ವ ಕೊಟ್ಟ ಬೇರು ಹುತ್ತದ ಪಾಲಾಗಿ, ಒಲಿಯೋದು ನಾಗಪ್ಪ. ರಾತ್ರಿ ಅಪ್ಪಣ್ಣನ ರೂಪದಲ್ಲಿ ಬರುತ್ತಾನೆ. ಹಗಲಿನ ಗಂಡ ಬೈಯುತ್ತಾನೆ, ರಾತ್ರಿಯ ಗಂಡ ಮುದ್ದಿಸುತ್ತಾನೆ. ಪ್ರಶ್ನೆ ಕೇಳುವ ಹಾಗಿಲ್ಲ.

ಇಲ್ಲೇ ನನ್ನ ತಕರಾರು. ರಾಣಿಗೆ ಸುಖ ಸಿಕ್ಕಿದ್ದು "ಗೊತ್ತಿಲ್ಲದೆ". ಗೊತ್ತಿದ್ದೂ ಬಯಸಿದ್ದರೆ ಊರು ಬಿಡುತ್ತಿತ್ತೇ? ಪಂಚರ ಮುಂದೆ ಹುತ್ತಕ್ಕೆ ಕೈಹಾಕಿ, ಗಂಡನನ್ನೂ ಈ ನಾಗನನ್ನೂ ಬಿಟ್ಟು ಯಾರನ್ನೂ ಮುಟ್ಟಿಲ್ಲ ಅಂತ ಆಣೆ ಮಾಡುತ್ತಾಳೆ. ಅಕ್ಷರಶಃ ನಿಜ! ಊರವರು ತಕ್ಷಣ ಅವಳನ್ನು ದೇವಿ ಮಾಡಿಬಿಡುತ್ತಾರೆ. ನಾಟಕದ ಕೊನೆಯ ತಿರುವಿನಲ್ಲಿ ಮಾತ್ರ ಅವಳು ತಿಳಿದೇ ಆ ಹಾವಿಗೆ ತನ್ನ ಕೂದಲಲ್ಲಿ ಜಾಗ ಕೊಡುತ್ತಾಳೆ. ನನಗೆ ಆ ರಾಣಿ ಇಷ್ಟ.

ಇನ್ನೊಂದು ಮಾತು. ನಮ್ಮ ಆಲಮಟ್ಟಿ ಸೀಮೆಯ ಭಾಷೆ ಸಿನೆಮಾದಲ್ಲಿ ಹೆಚ್ಚಾಗಿ ನಗಿಸೋಕೆ ಬಳಕೆಯಾಗಿದ್ದು. 'ನಾಗಮಂಡಲ'ದಲ್ಲಿ ಅದೇ ಉತ್ತರ ಕರ್ನಾಟಕದ ಮಾತು ಹೆಣ್ಣಿನ ಹಂಬಲಕ್ಕೆ ಒದಗಿತು. ಹಂಗ ನೋಡಿದ್ರ ಇದೇನೂ ಹೊಸದಲ್ಲ ಬಿಡ್ರಿ. ಇಂಡಿ ಕಡೆಯ ಹಲಸಂಗಿ ಗೆಳೆಯರು ಬೀಸುವ, ಕುಟ್ಟುವ ಹೆಂಗಸರ ಹಾಡುಗಳನ್ನು ಸಂಗ್ರಹಿಸಿ 1931ರಲ್ಲೇ ಅಚ್ಚು ಹಾಕಿಸಿದ್ದರು. ಆದರೆ ಪುಸ್ತಕದ ಹೆಸರು ನೋಡಿ: 'ಗರತಿಯ ಹಾಡು'! ಗರತಿಯಲ್ಲದವಳು ಏನು ಹಾಡುತ್ತಿದ್ದಳೋ...

ಹಾವಿನ ನೆಪವಿಲ್ಲದೆ ಮಾತಾಡಲು 2018 ಬರಬೇಕಾಯಿತು. ಮಂಸೋರೆ ನಿರ್ದೇಶನದ 'ನಾತಿಚರಾಮಿ'ಯನ್ನು ಬರೆದವರು ಸಂಧ್ಯಾರಾಣಿ. ಶ್ರುತಿ ಹರಿಹರನ್ ಮಾಡಿದ ಗೌರಿ ವಿಧವೆ. ಸತ್ತ ಗಂಡನ ಮೇಲೆ ಪ್ರೀತಿಯೂ ಇದೆ, ಮೈಯ ಬಯಕೆಯೂ ಇದೆ. ಅದನ್ನು ಆಪ್ತಸಮಾಲೋಚಕರ ಮುಂದೆ ಕೂತು ಬಾಯಿಬಿಟ್ಟು ಹೇಳುತ್ತಾಳೆ. ಧರ್ಮ, ಅರ್ಥಗಳ ಜೊತೆ ಕಾಮದಲ್ಲೂ ಮೀರಿ ನಡೆಯುವುದಿಲ್ಲ ಅನ್ನುವ ಮದುವೆಯ ಮಾತೇ ಶೀರ್ಷಿಕೆ. ಆ ಮಾತು ಕೊಟ್ಟ ಗಂಡನೇ ಇಲ್ಲದ ಮೇಲೆ ಅವಳ ಪಾಲಿನ ಕಾಮದ ಗತಿ ಏನು ಅನ್ನೋದು ಗೌರಿಯ ಪ್ರಶ್ನೆ.