ಐನೂರು ಪೌಂಡಿಗೊಂದು ಓಟು



ನಾಲ್ಕು ಷೇರು ಇಟ್ಟುಕೊಂಡವರಿಗೆಲ್ಲ ಕಂಪನಿಯ ವಾರ್ಷಿಕ ಸಭೆಯ ನೋಟೀಸು ಬರುತ್ತದೆ. ನಮ್ಮಲ್ಲಿ ಹೆಚ್ಚಿನವರು ಅದನ್ನು ಓದುವುದೇ ಇಲ್ಲ, ಅಲ್ಲವೇ? ಆದರೆ ಅಂಥದೇ ಸಭೆಯ ಓಟಿಗಾಗಿ ಲಂಡನ್ನಿನಲ್ಲಿ ನಡೆದ ಕಿತ್ತಾಟ ಒಮ್ಮೆ ನಮ್ಮ ದೇಶದ ಹಣೆಬರಹವನ್ನೇ ಮುಟ್ಟಿತ್ತು.

ಅದು ಈಸ್ಟ್ ಇಂಡಿಯಾ ಕಂಪನಿ. 24 ಜನ ನಿರ್ದೇಶಕರನ್ನು ಷೇರುದಾರರು ವರ್ಷಕ್ಕೊಮ್ಮೆ ಆರಿಸುತ್ತಿದ್ದರು. 500 ಪೌಂಡಿನ ಷೇರಿದ್ದರೆ ಒಂದು ಓಟು. ಅದಕ್ಕಿಂತ ಎಷ್ಟೇ ಹೆಚ್ಚಿದ್ದರೂ ಒಂದೇ ಓಟು. ದೊಡ್ಡವರ ಕೈ ಮೇಲಾಗದಂತೆ ಕಟ್ಟಿದ ಬೇಲಿ ಅದು.

ರಾಬರ್ಟ್ ಕ್ಲೈವ್ ಆ ಬೇಲಿಯಲ್ಲೇ ಕಿಂಡಿ ಕಂಡುಕೊಂಡ. ಬಂಗಾಳದ ನವಾಬನಿಂದ ಅವನಿಗೆ ವರ್ಷಕ್ಕೆ ಸುಮಾರು 27,000 ಪೌಂಡಿನ ಜಾಗೀರು ಸಿಕ್ಕಿತ್ತು. ನಿರ್ದೇಶಕರ ಮುಖಂಡ ಲಾರೆನ್ಸ್ ಸಲಿವನ್‌ಗೂ ಅವನಿಗೂ ವೈರ. 1763ರ ಚುನಾವಣೆಗೆ ಕ್ಲೈವ್ ಸುಮಾರು ಒಂದು ಲಕ್ಷ ಪೌಂಡಿನ ಷೇರು ಕೊಂಡು, ಐನೂರರಂತೆ ಒಡೆದು ತನ್ನವರ ಹೆಸರಿಗೆ ಹಂಚಿದ. ಲೆಕ್ಕ ಹಾಕಿ, 200 ಓಟು! ಆದರೂ ಸೋತ. 1764ರಲ್ಲಿ ಅವನ ಕಡೆಯವರ ಕೈ ಮೇಲಾಯಿತು; ಜಾಗೀರು ಉಳಿಯಿತು. 1765ರಲ್ಲಿ ಬಂಗಾಳದ ದಿವಾನಿ, ಅಂದರೆ ಕಂದಾಯ ವಸೂಲಿಯ ಹಕ್ಕು, ಕಂಪನಿಗೆ ಬಂತು.

ಸುದ್ದಿ ತಿಳಿದದ್ದೇ ತಡ, ಷೇರುದಾರರು ಪಾಲು ಕೇಳತೊಡಗಿದರು. ನಿರ್ದೇಶಕರು ಬೇಡವೆಂದರೂ 1766ರಲ್ಲಿ ಡಿವಿಡೆಂಡ್ ಶೇಕಡಾ 6ರಿಂದ 10ಕ್ಕೆ ಏರಿತು. 1767ರಲ್ಲಿ ಹನ್ನೆರಡೂವರೆಗೆ ಏರಿಸಲು ಹೊರಟಾಗ ಪಾರ್ಲಿಮೆಂಟು ತಡೆಯಿತು. ಷೇರು ಕೊಂಡು ಆರು ತಿಂಗಳಾಗದೆ ಓಟಿಲ್ಲವೆಂಬ ಕಾನೂನೂ ಬಂತು.

ಸಂಭ್ರಮ ಹೆಚ್ಚು ದಿನ ಬಾಳಲಿಲ್ಲ. 1769ರ ಮಾರ್ಚಿನಲ್ಲಿ ಮೈಸೂರಿನ ಹೈದರಾಲಿ ಕುದುರೆ ದಂಡಿನೊಡನೆ ಮದರಾಸಿನ ಬಾಗಿಲಿಗೇ ಬಂದುನಿಂತ. ಆ ಸುದ್ದಿ ಲಂಡನ್ ತಲುಪಿದಾಗ ಕಂಪನಿಯ ಷೇರು ಕುಸಿಯಿತು. ಸಾಲ ಮಾಡಿ ಷೇರು ಕೊಂಡವರು ಮುಳುಗಿದರು. ಮರುವರ್ಷ ಬಂಗಾಳದಲ್ಲಿ ಘೋರ ಕ್ಷಾಮ. ಜನ ಲಕ್ಷಗಟ್ಟಲೆ ಸತ್ತರೂ ಕಂದಾಯದ ವಸೂಲಿ ನಿಲ್ಲಲಿಲ್ಲ. 1772ರಲ್ಲಿ ಕಂಪನಿ ಸರ್ಕಾರದ ಮುಂದೆ ಸಾಲಕ್ಕೆ ಕೈಯೊಡ್ಡಿತು. 1773ರ ರೆಗ್ಯುಲೇಟಿಂಗ್ ಕಾಯಿದೆ ಓಟಿಗೆ 1,000 ಪೌಂಡಿನ ಷೇರು, ಒಂದು ವರ್ಷದ ಒಡೆತನ ಬೇಕೆಂದಿತು.

ಗಮನಿಸಿದಿರಾ? ಕ್ಲೈವ್‌ಗೆ ಜಾಗೀರು ಬೇಕಿತ್ತು, ಸಲಿವನ್‌ಗೆ ಅಧಿಕಾರ, ಷೇರುದಾರರಿಗೆ ಡಿವಿಡೆಂಡ್. ಮೂವರ ಜಗಳಕ್ಕೂ ಹಣ ಬರಬೇಕಾದದ್ದು ಬಂಗಾಳದ ರೈತನ ಗದ್ದೆಯಿಂದ. ಆ ಸಭೆಯಲ್ಲಿ ಅವನಿಗೆ ಮಾತ್ರ ಓಟಿರಲಿಲ್ಲ.

ಮುಂದಿನ ಬಾರಿ ನೋಟೀಸು ಬಂದಾಗ ಒಮ್ಮೆ ಬಿಡಿಸಿ ನೋಡಿ. ನಿಮ್ಮ ಓಟು ಯಾರಿಗೆ ಬೇಕಾಗಿದೆ, ಅದರ ಬೆಲೆ ತೆರುವವರು ಯಾರು ಎಂದು ಕೇಳಿಕೊಳ್ಳಿ. ಮತ್ತೆ ಭೇಟಿಯಾಗೋಣ.