ಛಾಯಾಗ್ರಾಹಕ ವಿ. ಕೆ. ಮೂರ್ತಿಯವರು

ಬಳ್ಳಾರಿ ರಾಘವರ ಹೆಸರನ್ನು ಕೇಳದವರು ಈ ಸೀಮೆಯಲ್ಲಿ ವಿರಳರು. ನಟನ ಮುಖವು ಪ್ರೇಕ್ಷಕರ ಕಣ್ಣಿಗೆ ಬೀಳುವುದರಿಂದ ಅವನ ಕೀರ್ತಿಯು ಸುಲಭವಾಗಿ ಹಬ್ಬುವುದು. ಇಟ್ಟಿಗಿ, ಕೊಟ್ಟೂರುಗಳಂತಹ ಊರುಗಳಲ್ಲಿಯೂ ಚಲಚ್ಚಿತ್ರವನ್ನು ನೋಡಿ ಬಂದ ಮನೆಮಂದಿಯು ನಟನಟಿಯರನ್ನು ಕುರಿತು ಮಾತನಾಡುವುದುಂಟು. ಆ ಮುಖಗಳ ಮೇಲೆ ಬೆಳಕನ್ನು ಹರಿಸಿದವರಾರೆಂದು ವಿಚಾರಿಸುವವರು ಅಪರೂಪ. ಹಾಗೆ ಮರೆಯಲ್ಲಿಯೇ ನಿಂತು ಕೆಲಸಮಾಡಿದ ಕನ್ನಡಿಗರೊಬ್ಬರ ವೃತ್ತಾಂತವು ವಿಚಾರಾರ್ಹವಾದುದು.

ವಿ. ಕೆ. ಮೂರ್ತಿಯವರು 1923ರಲ್ಲಿ ಮೈಸೂರಿನಲ್ಲಿ ಜನಿಸಿದರು. ತಾರುಣ್ಯದಲ್ಲಿ ಪಿಟೀಲನ್ನು ಅಭ್ಯಾಸಮಾಡಿದರು. ಸ್ವಾತಂತ್ರ್ಯದ ಚಳವಳಿಯಲ್ಲಿ ಸೆರೆಮನೆಯನ್ನೂ ಕಂಡರು. ಬೆಂಗಳೂರಿನ ಶ್ರೀ ಜಯಚಾಮರಾಜೇಂದ್ರ ಪಾಲಿಟೆಕ್ನಿಕ್ಕಿನಲ್ಲಿ ಛಾಯಾಗ್ರಹಣವನ್ನು ಕಲಿತು 1946ರಲ್ಲಿ ತೇರ್ಗಡೆಯಾದ ಬಳಿಕ ಮುಂಬಯಿಯನ್ನು ಸೇರಿ, ಹಿರಿಯರ ಕೈಕೆಳಗೆ ಸಹಾಯಕರಾಗಿ ದುಡಿದರು.

1951ರ 'ಬಾಜಿ'ಯಲ್ಲಿ ಅವರು ವಿ. ರಾತ್ರಾ ಅವರ ಸಹಾಯಕರಾಗಿದ್ದರು. ಕಷ್ಟಸಾಧ್ಯವಾದ ದೃಶ್ಯವೊಂದನ್ನು ತಾವೇ ಚಿತ್ರಿಸಿ ತೋರಿಸಿದುದು ನಿರ್ದೇಶಕ ಗುರುದತ್ತರಿಗೆ ಮೆಚ್ಚಿಗೆಯಾಯಿತು. ಬೆಂಗಳೂರಿನಲ್ಲಿ ಹುಟ್ಟಿದ ಗುರುದತ್ತರು 1952ರ 'ಜಾಲ್' ಚಿತ್ರದ ಛಾಯಾಗ್ರಹಣವನ್ನು ಮೂರ್ತಿಯವರಿಗೇ ಒಪ್ಪಿಸಿದರು. ಅಲ್ಲಿಂದ ಈರ್ವರ ಸಹಯೋಗವು ದೃಢವಾಗಿ, 1957ರಲ್ಲಿ 'ಪ್ಯಾಸಾ' ಹೊರಬಂದಿತು.

1959ರ 'ಕಾಗಜ್ ಕೆ ಫೂಲ್' ಭಾರತದ ಪ್ರಥಮ ಸಿನಿಮಾಸ್ಕೋಪ್ ಚಿತ್ರವು. ಈ ವಿಧಾನದಲ್ಲಿ ವಿಶೇಷವಾದ ಮಸೂರವು ಅಗಲವಾದ ನೋಟವನ್ನು ಅಡ್ಡಲಾಗಿ ಕುಗ್ಗಿಸಿ ಫಿಲ್ಮಿನ ಮೇಲೆ ಮೂಡಿಸುವುದು. ಪ್ರದರ್ಶನಕಾಲದಲ್ಲಿ ಬೇರೊಂದು ಮಸೂರವು ಅದನ್ನು ಮತ್ತೆ ಹಿಗ್ಗಿಸುವುದು. ಚೌಕಟ್ಟು ಅಗಲವಾದಷ್ಟೂ ಬೆಳಕು ನೆರಳುಗಳನ್ನು ಹೊಂದಿಸುವ ಹೊಣೆಯು ಹೆಚ್ಚುವುದು. ಒಂದು ಹಾಡಿನ ದೃಶ್ಯಕ್ಕೆ ಸೂರ್ಯಕಿರಣದಂತಹ ಬೆಳಕು ಬೇಕಾಯಿತು. ಮೂರ್ತಿಯವರು ಎರಡು ದೊಡ್ಡ ಕನ್ನಡಿಗಳನ್ನು ಇಡಿಸಿ, ಹೊರಗಣ ಬಿಸಿಲನ್ನು ಒಂದರಿಂದ ಇನ್ನೊಂದಕ್ಕೆ ಹಾಯಿಸಿ, ಸ್ಟುಡಿಯೋದ ಕತ್ತಲೊಳಕ್ಕೆ ಇಳಿಸಿದರು. ಆ ಬೆಳಕಿನ ಕಂಬವು ಇಂದಿಗೂ ಛಾಯಾಗ್ರಹಣದ ವಿದ್ಯಾರ್ಥಿಗಳಿಗೆ ಪಾಠವಾಗಿರುವುದು.

ಆದರೆ ಚಿತ್ರವು ಗಳಿಕೆಯಲ್ಲಿ ಸಂಪೂರ್ಣವಾಗಿ ಸೋತಿತು. ಆ ಬಳಿಕ ಗುರುದತ್ತರು ತಮ್ಮ ಹೆಸರಿನಲ್ಲಿ ಯಾವ ಚಿತ್ರವನ್ನೂ ನಿರ್ದೇಶಿಸಲಿಲ್ಲ. ಜನರು ತಿರಸ್ಕರಿಸಿದ ಆ ಚಿತ್ರದ ಛಾಯಾಗ್ರಹಣಕ್ಕೇ ಮೂರ್ತಿಯವರಿಗೆ ಫಿಲ್ಮ್‌ಫೇರ್ ಪ್ರಶಸ್ತಿಯು ಬಂದಿತು; 1962ರ 'ಸಾಹಿಬ್ ಬೀಬಿ ಔರ್ ಗುಲಾಮ್' ಚಿತ್ರಕ್ಕೆ ಮತ್ತೊಮ್ಮೆ ಲಭಿಸಿತು. 1964ರಲ್ಲಿ ಗುರುದತ್ತರು ಕೇವಲ 39ನೆಯ ವಯಸ್ಸಿನಲ್ಲಿ ಅಗಲಿದರು. ತನ್ನ ದೃಷ್ಟಿಯನ್ನು ಅರಿತ ನಿರ್ದೇಶಕನನ್ನು ಕಳೆದುಕೊಳ್ಳುವುದು ಛಾಯಾಗ್ರಾಹಕನಿಗೆ ಒದಗುವ ದೊಡ್ಡ ನಷ್ಟವೇ ಸರಿ. ಆದರೂ ಮೂರ್ತಿಯವರು ಕೆಲಸವನ್ನು ಬಿಡಲಿಲ್ಲ. 1993ರಲ್ಲಿ 'ಹೂವು ಹಣ್ಣು' ಎಂಬ ಕನ್ನಡ ಚಿತ್ರಕ್ಕೂ ಛಾಯಾಗ್ರಹಣಮಾಡಿದರು.

ಅವರು ಓದಿದ ಪಾಲಿಟೆಕ್ನಿಕ್ಕಿನಲ್ಲಿಯೇ ಕಲಿತ ಗೋವಿಂದ ನಿಹಲಾನಿಯವರು ಅವರಲ್ಲಿ ಸಹಾಯಕರಾಗಿದ್ದು, ಮುಂದೆ ನಿರ್ದೇಶಕರಾಗಿ ಪ್ರಸಿದ್ಧರಾದರು. ವಿದ್ಯೆಯು ಹೀಗೆ ಕೈಯಿಂದ ಕೈಗೆ ಸಾಗಿತು.

ಸರಕಾರದ ಮನ್ನಣೆಯು ತಡವಾಗಿ ಬಂದಿತು. 2008ನೆಯ ಸಾಲಿನ ದಾದಾಸಾಹೇಬ್ ಫಾಲ್ಕೆ ಪ್ರಶಸ್ತಿಯನ್ನು ಅವರು 2010ರಲ್ಲಿ ಸ್ವೀಕರಿಸಿದರು. ಆ ಗೌರವವನ್ನು ಪಡೆದ ಛಾಯಾಗ್ರಾಹಕರಲ್ಲಿ ಅವರೇ ಮೊದಲಿಗರು. 2014ರ ಏಪ್ರಿಲಿನಲ್ಲಿ ಬೆಂಗಳೂರಿನಲ್ಲಿ ಅವರು ಕಾಲವಶರಾದರು. ಅಂದು ಪ್ರೇಕ್ಷಕರಿಲ್ಲದೆ ಚಿತ್ರಮಂದಿರಗಳಿಂದ ಹಿಂದಿರುಗಿದ ಚಿತ್ರವನ್ನು ಇಂದು ಜನರು ಅರಸಿ ನೋಡುತ್ತಿರುವರು. ಕನ್ನಡಿಯಿಂದ ಇಳಿದ ಆ ಬಿಸಿಲೂ ಅದರೊಡನೆ ಉಳಿದಿರುವುದು.